ಮೂಗರ್ಜಿ

ಲೋಪಸಂಧಿಗೆ ಉದಾಹರಣೆ ಹೇಳಿರೆಂದು ಒಂದು ದಿನ ತರಗತಿಯಲ್ಲಿ ಕೇಳಿದೆ. ಊರೂರು, ಮಾತಿಲ್ಲ ಎಂದು ಪುಸ್ತಕದಲ್ಲಿರುವುದೆಲ್ಲ ಮುಗಿದ ಮೇಲೆ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು ನಿಂತು, “ಮೂಗರ್ಜಿ, ಸಾರ್” ಎಂದ. ಬಿಡಿಸಿ ಹೇಳಪ್ಪ ಎಂದೆ. “ಮೂಗು, ಅರ್ಜಿ” ಎಂದ. ತರಗತಿಯೆಲ್ಲ ಗೊಳ್ಳೆಂದಿತು. ಮೂಗು ಅಲ್ಲ, ಮೂಗ. ಮೂಗನ ಅರ್ಜಿ, ಎಂದರೆ ತನ್ನ ಹೆಸರನ್ನು ಬಾಯಿಬಿಟ್ಟು ಹೇಳದವನು ಸರ್ಕಾರಕ್ಕೆ ಬರೆದುಕೊಂಡ ಕಾಗದ, ಎಂದು ತಿದ್ದಿದೆ. ಅವನು ಕುಳಿತುಕೊಳ್ಳಲಿಲ್ಲ. “ಮೂಗು ಅಂತ ಬಿಡಿಸಿದರೂ ಲೋಪಸಂಧಿಯೇ ಅಲ್ಲವೆ ಸಾರ್?” ಎಂದು ಕೇಳಿದ. ಅಲ್ಲವೆನ್ನಲು ಕೇಶಿರಾಜನೂ ನನ್ನ ನೆರವಿಗೆ ಬರುವಂತಿರಲಿಲ್ಲ.

ಕನ್ನಡದ ಮೂಗನಿಗೂ ಪಾರಸಿಯ ಕಡೆಯಿಂದ ಬಂದ ಅರ್ಜಿಗೂ ಯಾವುದೋ ಕಚೇರಿಯ ಜಗಲಿಯ ಮೇಲೆ ನಂಟು ಬೆಳೆದು ಹುಟ್ಟಿದ ಮಾತು ಇದು. ಇಂಗ್ಲಿಷಿನವರು ಇಂಥ ಕಾಗದವನ್ನು ಹೆಸರಿಲ್ಲದ್ದು ಎಂದು ಕರೆದು ಸುಮ್ಮನಾಗುತ್ತಾರೆ. ನಮ್ಮವರು ಕಾಗದದ ಹಿಂದೆ ಕುಳಿತವನ ಗಂಟಲನ್ನೇ ನೋಡಿದರು. ಹೇಳಬೇಕಾದ್ದು ಎದೆಯಲ್ಲಿದೆ, ಬಾಯಿಗೆ ಬಾರದು. ಆ ದಿನ ಹುಡುಗರ ಜೊತೆ ನಾನು ಮನಸ್ಸು ಬಿಚ್ಚಿ ನಗಲಾರದೆ ಹೋದೆ. ಏಕೆಂದರೆ ನಾನೂ ಒಂದು ಮೂಗರ್ಜಿ ಬರೆದವನು. ಅದು ಆ ಹುಡುಗ ಬಿಡಿಸಿದಂತೆ ಮೂಗಿನಿಂದಲೇ ಹುಟ್ಟಿತ್ತು.

ಆರು ವರ್ಷಗಳ ಹಿಂದಿನ ಮಾತು. ಒಂದು ಭಾನುವಾರ ಬೆಳಿಗ್ಗೆ ನನ್ನ ಸೋದರಮಾವ ಊರಿನಿಂದ ಬಂದರು. ಬಂದಾಗಲೆಲ್ಲ ಎಳನೀರೋ ಬಾಳೆಗೊನೆಯೋ ತರುವವರು ಆ ದಿನ ಕೈಚೀಲದಿಂದ ಒಂದು ಹಾರ್ಲಿಕ್ಸ್ ಬಾಟಲಿ ತೆಗೆದು ಮೇಜಿನ ಮೇಲಿಟ್ಟರು. ಒಳಗೆ ಕಾಫಿಯ ಗಸಿಯಂಥ ನೀರು. “ಮುಚ್ಚಳ ತೆಗೆದು ಮೂಸಿ ನೋಡಯ್ಯ ಮೇಷ್ಟ್ರೇ” ಎಂದರು. ಮೂಸಿದೆ. ಅಡಿಗೆಮನೆಯಲ್ಲಿದ್ದ ನನ್ನ ಹೆಂಡತಿ ಬಾಗಿಲಿಗೆ ಬಂದು, ಗ್ಯಾಸು ಸೋರುತ್ತಿದೆಯೇ ಎಂದು ಕೇಳಿದಳು.

ಮಾವನ ಊರಿನ ಪಕ್ಕದಲ್ಲಿ ಒಂದು ಹಳ್ಳ ಹರಿಯುತ್ತದೆ. ಮುಂದೆ ಅದು ಕಾವೇರಿಯ ಉಪನದಿಯೊಂದನ್ನು ಸೇರುತ್ತದೆ. ಅದರ ಹೆಸರನ್ನು ಇಲ್ಲಿ ಬರೆಯಲಾರೆ. ಬರೆದರೆ ದಂಡೆಯ ಮೇಲಿನ ಕಾರ್ಖಾನೆಯ ಹೆಸರನ್ನೂ ಬರೆದಂತಾಗುತ್ತದೆ. (ಮೂಗತನ ಬೇಗ ಬಿಡುವ ಚಾಳಿಯಲ್ಲ, ನೋಡಿ.) ಚಿಕ್ಕಂದಿನಲ್ಲಿ ಬೇಸಗೆಯ ರಜಕ್ಕೆ ಹೋದಾಗ ನಾನು ಈಜು ಕಲಿತದ್ದು ಆ ಹಳ್ಳದ ಮಡುವಿನಲ್ಲಿ, ಬೆನ್ನಿಗೆ ಒಣಗಿದ ಸೋರೆಬುರುಡೆ ಕಟ್ಟಿಕೊಂಡು, ಇದೇ ಮಾವನ ಕೈಯಲ್ಲಿ ಬೈಸಿಕೊಂಡು. ತಳದ ಮರಳು ಕಾಣುವಂಥ ನೀರು. ಈಗ ರಾತ್ರಿ ಹನ್ನೊಂದರ ಮೇಲೆ ಕಾರ್ಖಾನೆಯ ಹಿಂದಿನ ಕೊಳವೆಯಿಂದ ಬಣ್ಣದ ನೀರು ಬಿಡುತ್ತಾರಂತೆ. ಬೆಳಗಾಗುವ ಹೊತ್ತಿಗೆ ದಂಡೆಯುದ್ದಕ್ಕೂ ನೊರೆ. ಎಮ್ಮೆಗಳು ಮೂತಿ ಇಟ್ಟು ಹಿಂದೆಗೆಯುತ್ತವೆ. ಮನುಷ್ಯನಿಗಿಂತ ಅವಕ್ಕೆ ಬೇಗ ತಿಳಿಯುತ್ತದೆ. ಹಳ್ಳಕ್ಕೆ ಹತ್ತಿರವಾದ ಬಾವಿಗಳಲ್ಲಿ ಮಾವನದೂ ಒಂದು. ಅದೂ ಕೆಟ್ಟಿತು.

ಇದನ್ನೆಲ್ಲ ಚೆನ್ನಾಗಿ ಬರೆದು ಸಂಬಂಧಪಟ್ಟ ಕಚೇರಿಗೆ ಕಳಿಸಬೇಕೆಂಬುದು ಮಾವನ ಬೇಡಿಕೆ. “ಹೆಸರು ಮಾತ್ರ ಕೂಡದು ಕಣಯ್ಯ. ಹುಡುಗ ಅಲ್ಲೇ ಕೆಲಸಕ್ಕಿದ್ದಾನೆ.” ಅವರ ಮಗ ಆ ಕಾರ್ಖಾನೆಯಲ್ಲಿ ಯಂತ್ರ ನೋಡಿಕೊಳ್ಳುತ್ತಿದ್ದ. ಹಾಗಾದರೆ ನನ್ನ ಹೆಸರು ಹಾಕೋಣ ಎಂದು ನಾನು ಹೇಳಬಹುದಾಗಿತ್ತು. ಹೇಳಲಿಲ್ಲ. ನಮ್ಮ ಕಾಲೇಜಿನ ಗ್ರಂಥಾಲಯಕ್ಕೆ ಹೊಸ ಕಟ್ಟಡವಾದಾಗ ಹಣ ಕೊಟ್ಟ ಮಹನೀಯರ ಪಟ್ಟಿಯನ್ನು ಬಾಗಿಲ ಬಳಿ ಕಲ್ಲಿನಲ್ಲಿ ಕೆತ್ತಿಸಿದ್ದಾರೆ. ದಿನವೂ ನಾನು ಆ ಕಲ್ಲನ್ನು ದಾಟಿಕೊಂಡೇ ಒಳಗೆ ಹೋಗಬೇಕು. ನಾಲ್ಕನೆಯ ಸಾಲಿನಲ್ಲಿ ಆ ಕಾರ್ಖಾನೆಯ ಹೆಸರಿದೆ. ಹೀಗಾಗಿ ಮಾವ ತಮ್ಮ ಮಗನ ಕಾರಣ ಹೇಳಿದಾಗ ನನಗೆ ಒಳಗೊಳಗೇ ನೆಮ್ಮದಿಯಾಯಿತೆಂಬುದನ್ನು ಈಗ ಒಪ್ಪಿಕೊಳ್ಳುತ್ತೇನೆ.

ಕಾಗದ ಮೂರು ಪುಟವಾಯಿತು. ನನ್ನ ಅಕ್ಷರ ಯಾರಿಗೂ ತಿಳಿಯಬಾರದೆಂದು ಬೇರೆ ಊರಿನಲ್ಲಿ ಟೈಪು ಮಾಡಿಸಿ, ಅಲ್ಲಿಯ ಟಪಾಲು ಪೆಟ್ಟಿಗೆಗೇ ಹಾಕಿ, ಪತ್ತೇದಾರಿ ಕಾದಂಬರಿಯ ನಾಯಕನಂತೆ ಬಸ್ಸು ಹತ್ತಿ ಬಂದೆ. ಕೊನೆಯಲ್ಲಿ ‘ಇಂತಿ, ನೊಂದ ಗ್ರಾಮಸ್ಥರು’ ಎಂದಿತ್ತು. ಒಂದು ಪ್ರತಿಯನ್ನು ನ್ಯಾಯಾಲಯಕ್ಕೂ ಕಳಿಸಿದ್ದೆ. ಅದರ ಸುದ್ದಿ ತಿಳಿಯಲಿಲ್ಲ. ಹೆಸರೂ ವಿಳಾಸವೂ ಇಲ್ಲದವನಿಗೆ ಉತ್ತರ ಬರುವುದಾದರೂ ಎಲ್ಲಿಗೆ?

ಒಂದು ವರ್ಷ ಕಳೆದ ಮೇಲೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದ. ಆ ಕಾರ್ಖಾನೆಯ ಆಫೀಸಿನಲ್ಲೇ ಅವನಿಗೆ ಕೆಲಸ. ಕಾಫಿ ಕುಡಿದು, ಲೋಟವನ್ನು ಕೆಳಗಿಡುತ್ತ, “ಸಾರ್, ಆ ಕಾಗದ ನಮ್ಮಲ್ಲಿಗೇ ಬಂದಿತ್ತು” ಎಂದ. ಯಾವ ಕಾಗದವೆಂದು ಕೇಳಿದೆ; ಕೇಳುವಾಗ ನನ್ನ ದನಿ ನನಗೇ ಹೊಸದಾಗಿ ಕೇಳಿಸಿತು. ಕಚೇರಿಯವರು ಅಂಚಿನಲ್ಲಿ ‘ಪರಿಶೀಲಿಸಿ ವಿವರಣೆ ಸಲ್ಲಿಸುವುದು’ ಎಂದು ಷರಾ ಬರೆದು, ಯಾರ ಮೇಲೆ ದೂರಿತ್ತೋ ಅವರಿಗೇ ಕಳಿಸಿಕೊಟ್ಟಿದ್ದರಂತೆ. “ಎರಡನೇ ಪುಟದಲ್ಲಿ ‘ಅಪಿಚ’ ಅಂತ ಇತ್ತು ಸಾರ್. ಬಿ.ಎ.ಯಲ್ಲಿ ತಾವು ದಿನಕ್ಕೆ ಹತ್ತು ಸಲ ಹೇಳುತ್ತಿದ್ದಿರಿ. ನಾನು ಯಾರಿಗೂ ಹೇಳಲಿಲ್ಲ.”

ಅವನು ಹೇಳಲಿಲ್ಲ, ನಿಜ. ಆದರೆ ಕಾರ್ಖಾನೆಯವರು ಹುಡುಕದೆ ಬಿಟ್ಟಿರಲಿಲ್ಲ. ಆ ಊರಿನಲ್ಲಿ ಇಷ್ಟು ಒಪ್ಪವಾಗಿ ಕನ್ನಡ ಬರೆಯಬಲ್ಲವರು ಯಾರೆಂದು ವಿಚಾರಿಸಿದರು. ಊರಿನಲ್ಲಿ ಅಂಥವನೊಬ್ಬನಿದ್ದ. ಬಿ.ಎ. ಮಾಡಿಕೊಂಡು, ಗಣೇಶನ ಹಬ್ಬಕ್ಕೆ ನಾಟಕ ಬರೆದು ಆಡಿಸುತ್ತ, ಅದೇ ಕಾರ್ಖಾನೆಯಲ್ಲಿ ಗುತ್ತಿಗೆಯ ಮೇಲೆ ಮೂಟೆಗಳ ಲೆಕ್ಕ ಬರೆಯುತ್ತಿದ್ದ ತರುಣ. ಗುತ್ತಿಗೆಯವನು ಮುಂದಿನ ತಿಂಗಳಿಂದ ಬರಬೇಡವೆಂದ. ಕಾರಣ ಹೇಳಲಿಲ್ಲ; ಗುತ್ತಿಗೆಯ ಕೆಲಸಕ್ಕೆ ಕಾರಣ ಹೇಳಬೇಕಾಗಿಯೂ ಇಲ್ಲ. ಕಾಗದಕ್ಕೆ ನಾನು ಹೆಸರು ಕೊಡದೆ ಉಳಿಸಿದ್ದ ಜಾಗದಲ್ಲಿ ಅವರು ಆ ಹುಡುಗನ ಹೆಸರನ್ನು ಬರೆದುಕೊಂಡಿದ್ದರು.

ಇದನ್ನು ತಿಳಿದ ಮೇಲೂ ನಾನು ನಾಲ್ಕು ವರ್ಷ ಸುಮ್ಮನಿದ್ದೆ. ಸುಮ್ಮನಿರುವವನು ಏನು ಮಾಡುತ್ತಾನೆ? ಓದುತ್ತಾನೆ. ನನ್ನ ಸಹಪಾಠಿಯೊಬ್ಬ ವಕೀಲ. ಅವನ ಮನೆಯಿಂದ ಪುಸ್ತಕಗಳನ್ನು ತಂದು, ಹೆಸರಿಲ್ಲದ ಕಾಗದವನ್ನು ನ್ಯಾಯಾಲಯಗಳು ಏನು ಮಾಡುತ್ತವೆಂದು ನೋಡತೊಡಗಿದೆ. ನ್ಯಾಯಾಲಯದ ಮುಂದೆ ನನಗೆ ಏನಾದರೂ ಸಮಾಧಾನ ಸಿಕ್ಕೀತೆಂಬ ಆಸೆಯಿತ್ತೆಂದು ಕಾಣುತ್ತದೆ.

ಬರಿಯ ಕಾಗದಕ್ಕೆ ನಮ್ಮ ದೇಶದಲ್ಲಿ ಸಿಕ್ಕಿದ ಮರ್ಯಾದೆ ಬೇರೆ ಕಡೆ ಸಿಕ್ಕಿರುವುದು ಅಪರೂಪವೆಂದೇ ತೋರುತ್ತದೆ. 1979ರಲ್ಲಿ ತಿಹಾರ್ ಜೈಲಿನ ಕೈದಿಯೊಬ್ಬ ಇನ್ನೊಬ್ಬ ಕೈದಿಗೆ ಆದ ಹಿಂಸೆಯನ್ನು ಕಾಗದದಲ್ಲಿ ಬರೆದು ಸುಪ್ರೀಂ ಕೋರ್ಟಿನ ನ್ಯಾಯಾಧೀಶರೊಬ್ಬರಿಗೆ ಕಳಿಸಿದ. ಅದೇ ಅರ್ಜಿಯಾಯಿತು. 1981ರಲ್ಲಿ ನ್ಯಾಯಮೂರ್ತಿ ಪಿ. ಎನ್. ಭಗವತಿಯವರು, ಬಡತನದಿಂದಲೋ ಅಸಹಾಯಕತೆಯಿಂದಲೋ ನ್ಯಾಯಾಲಯದ ಮೆಟ್ಟಿಲು ಹತ್ತಲಾರದವರ ಪರವಾಗಿ ಸಾರ್ವಜನಿಕರಲ್ಲಿ ಯಾರು ಬೇಕಾದರೂ ಬರಬಹುದು, ಕಾಗದ ಬರೆದರೂ ನಡೆಯುತ್ತದೆ, ಎಂದು ಬಾಗಿಲು ತೆರೆದರು. 1983ರಲ್ಲಿ ಡೆಹರಾಡೂನಿನ ಸುಣ್ಣಕಲ್ಲಿನ ಗಣಿಗಳ ವಿಷಯವೂ ಹೀಗೆ ಕಾಗದದ ರೂಪದಲ್ಲೇ ಹೋಯಿತು.

ಆದರೆ ಈ ಕಾಗದಗಳಿಗೆಲ್ಲ ಕೆಳಗೆ ರುಜು ಇದ್ದಿತು. ರುಜು ಇಲ್ಲದಿದ್ದರೆ? ಬರೆದವನು ಯಾರೆಂದು ತಿಳಿಯದಿದ್ದರೆ? ಈ ಪ್ರಶ್ನೆಯೂ ಬೇಗನೆ ಎದ್ದಿತು. 1983ರ ಡಿಸೆಂಬರಿನಲ್ಲಿ ಜೀತದಾಳುಗಳ ಮೊಕದ್ದಮೆಯ ತೀರ್ಪು ಬರೆಯುತ್ತ ನ್ಯಾಯಮೂರ್ತಿ ಆರ್. ಎಸ್. ಪಾಠಕ್ ಅವರು ಎಚ್ಚರಿಕೆಯ ಮಾತು ಹೇಳಿದರು: ಹಿಂದುಮುಂದು ಗೊತ್ತಿಲ್ಲದವನ ಕಾಗದವನ್ನು ಅರ್ಜಿಯೆಂದು ಹಿಡಿದುಕೊಂಡರೆ, ತಾನು ಬರೆದುದಕ್ಕೆ ಅವನು ಹೊಣೆಯೆನ್ನುವುದು ಹೇಗೆ? ಅದರಲ್ಲಿ ದೊಡ್ಡ ಅಪಾಯವಿದೆ. ಮೂರು ವರ್ಷದ ಮೇಲೆ, 1986ರ ಡಿಸೆಂಬರಿನಲ್ಲಿ, ದೆಹಲಿಯ ವಿಷಾನಿಲ ಸೋರಿಕೆಯ ಮೊಕದ್ದಮೆಯಲ್ಲಿ ಭಗವತಿಯವರು, ಕಾಗದದ ಜೊತೆಗೆ ಪ್ರಮಾಣಪತ್ರವೂ ಇರಲೇಬೇಕೆಂದು ಹಟ ಹಿಡಿದರೆ ಕಾಗದದ ದಾರಿಯನ್ನು ತೆರೆದ ಉದ್ದೇಶವೇ ಮಣ್ಣುಗೂಡುತ್ತದೆ ಎಂದರು. ಇಬ್ಬರೂ ಒಬ್ಬರ ಹಿಂದೆ ಒಬ್ಬರು ಭಾರತದ ಮುಖ್ಯ ನ್ಯಾಯಾಧೀಶರಾದವರು. ಇಬ್ಬರ ಮಾತೂ ನನಗೆ ಸರಿಯೆನಿಸಿತು. ಭಗವತಿಯವರನ್ನು ಓದುವಾಗ ಮಾವನ ಮುಖ ಕಣ್ಣ ಮುಂದೆ ಬಂತು. ಪಾಠಕರನ್ನು ಓದುವಾಗ ಟಪಾಲು ಪೆಟ್ಟಿಗೆಯಿಂದ ಕೈ ಹಿಂತೆಗೆದುಕೊಳ್ಳುತ್ತಿದ್ದ ನನ್ನ ಮುಖವೇ ಬಂತು.

1988ರಲ್ಲಿ ಸುಪ್ರೀಂ ಕೋರ್ಟು ಯಾವ ಯಾವ ವಿಷಯದ ಕಾಗದಗಳನ್ನು ಸಾರ್ವಜನಿಕ ಹಿತಾಸಕ್ತಿಯ ಅರ್ಜಿಯೆಂದು ಎತ್ತಿಕೊಳ್ಳಬಹುದೆಂದು ಒಂದು ಪಟ್ಟಿ ಮಾಡಿತು. ಪರಿಸರ ಮಾಲಿನ್ಯ ಅದರಲ್ಲಿದೆ. ಬಾಡಿಗೆದಾರರ ಜಗಳದಂಥವು ಇಲ್ಲ.

ನದಿಯ ವಿಚಾರಕ್ಕೆ ಬಂದರೆ ದೊಡ್ಡ ತೀರ್ಪು ಗಂಗೆಯದು. ಅದನ್ನು 1987ರಲ್ಲಿ ಬರೆದವರು ನ್ಯಾಯಮೂರ್ತಿ ಇ. ಎಸ್. ವೆಂಕಟರಾಮಯ್ಯನವರು, ನಮ್ಮ ಸೀಮೆಯವರೇ, 1989ರಲ್ಲಿ ಭಾರತದ ಮುಖ್ಯ ನ್ಯಾಯಾಧೀಶರಾದವರು. ಕಾನಪುರದ ಚರ್ಮ ಹದ ಮಾಡುವ ಕಾರ್ಖಾನೆಗಳವರು ಕೊಳಕು ನೀರನ್ನು ಶುದ್ಧಿ ಮಾಡಲು ತಮ್ಮಲ್ಲಿ ಹಣವಿಲ್ಲವೆಂದರು. ಕೂಲಿಗೆ ಕನಿಷ್ಠ ವೇತನ ಕೊಡಲಾರದ ಕಾರ್ಖಾನೆ ಹೇಗೆ ನಡೆಯಕೂಡದೋ ಹಾಗೆಯೇ ನೀರು ಶುದ್ಧಿ ಮಾಡಲಾರದ ಕಾರ್ಖಾನೆಯೂ ನಡೆಯಕೂಡದು ಎಂಬುದು ವೆಂಕಟರಾಮಯ್ಯನವರ ಉತ್ತರದ ತಿರುಳು. ದೂರು ಕೊಟ್ಟ ವಕೀಲ ಎಂ. ಸಿ. ಮೆಹ್ತಾ ಅವರಿಗೆ ಗಂಗೆಯ ದಂಡೆಯಲ್ಲಿ ಒಂದು ಗೇಣು ಜಮೀನೂ ಇರಲಿಲ್ಲ. ಇರಬೇಕಾಗಿಲ್ಲ, ಆ ನೀರು ಕುಡಿಯುವವರ ಪ್ರಾಣದ ಚಿಂತೆ ಇದ್ದರೆ ಸಾಕು, ಎಂದು 1988ರ ಜನವರಿಯಲ್ಲಿ ನ್ಯಾಯಾಲಯ ಹೇಳಿತು. ಹತ್ತನೆಯ ತರಗತಿಯವರೆಗೆ ವಾರಕ್ಕೆ ಒಂದು ಗಂಟೆಯಾದರೂ ಪರಿಸರದ ಪಾಠ ನಡೆಯಬೇಕೆಂದೂ ಅದೇ ತೀರ್ಪಿನಲ್ಲಿದೆ. ಆ ಗಂಟೆಯಲ್ಲಿ ಲೆಕ್ಕದ ಮೇಷ್ಟ್ರು ಉಳಿದ ಪಾಠ ಮುಗಿಸಿಕೊಳ್ಳುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ನನ್ನನ್ನು ರಾತ್ರಿಯೆಲ್ಲ ಕೂಡಿಸಿದ ತೀರ್ಪು ಮಾತ್ರ ಬೇರೆ. ಬೊಕಾರೊ ನದಿಯದು, 1991ರದು. ಒಂದು ಕಲ್ಲಿದ್ದಲು ತೊಳೆಯುವ ಘಟಕದ ರಾಡಿ ನದಿಗೆ ಸೇರಿ ನೀರು ಕೆಡುತ್ತಿದೆಯೆಂದು ಒಬ್ಬರು ಸುಪ್ರೀಂ ಕೋರ್ಟಿಗೆ ಹೋದರು. ನಿರ್ಮಲವಾದ ನೀರು, ನಿರ್ಮಲವಾದ ಗಾಳಿ ಇವು ಸಂವಿಧಾನದ 21ನೆಯ ವಿಧಿ ಕೊಟ್ಟಿರುವ ಜೀವಿಸುವ ಹಕ್ಕಿನಲ್ಲೇ ಸೇರಿವೆ ಎಂದು ನ್ಯಾಯಾಲಯ ಆ ತೀರ್ಪಿನಲ್ಲಿ ಹೇಳಿತು. ಇಂದಿಗೂ ನೀರಿನ ದಾವೆ ಹೂಡುವವರು ಅದನ್ನು ಎತ್ತಿ ಹೇಳುತ್ತಾರೆ. ಆದರೆ ಅರ್ಜಿದಾರರು ಸೋತರು! ಅವರು ಅದೇ ಘಟಕದಿಂದ ಆ ರಾಡಿಯನ್ನು ಕೊಂಡು ಲಾಭ ಮಾಡಿಕೊಳ್ಳುತ್ತಿದ್ದವರು. ಹೆಚ್ಚಿಗೆ ರಾಡಿ ಬೇಕೆಂದು ಕೇಳಿ ಸಿಕ್ಕದಿದ್ದುದಕ್ಕೆ ನದಿಯ ಮೇಲೆ ಪ್ರೀತಿ ಬಂದಿದೆ, ಎಂದು ನ್ಯಾಯಾಲಯ ಕಂಡುಕೊಂಡಿತು. ಅರ್ಜಿ ವಜಾ, ಮೇಲೆ 5,000 ರೂಪಾಯಿ ಖರ್ಚು ಕೊಡಬೇಕೆಂದು ಆಜ್ಞೆ. ನಮಗೆಲ್ಲ ಹಕ್ಕು ಬಂದ ದಿನ ಅದನ್ನು ಕೇಳಲು ಹೋದವರು ದಂಡ ಕಟ್ಟಿ ಹಿಂದಿರುಗಿದರು.

ಹೆಸರು ಏಕೆ ಬೇಕೆಂಬುದು ಆ ರಾತ್ರಿ ನನಗೆ ಅರ್ಥವಾಯಿತು. ಹೆಸರಿಲ್ಲದಿದ್ದರೆ ರಾಡಿ ಕೊಳ್ಳುವವನು ಯಾರು, ರಾಡಿ ಕುಡಿಯುವವನು ಯಾರು ಎಂದು ತಿಳಿಯುವುದು ಹೇಗೆ? 2010ರಲ್ಲಿ ಸುಪ್ರೀಂ ಕೋರ್ಟು, ಅರ್ಜಿದಾರನ ಯೋಗ್ಯತೆಯನ್ನೂ ಉದ್ದೇಶವನ್ನೂ ಮೊದಲು ಪರೀಕ್ಷಿಸಬೇಕು, ಸ್ವಂತ ಲಾಭವೋ ಹಗೆಯೋ ಹಿಂದಿಲ್ಲವೆಂದು ಖಾತ್ರಿ ಮಾಡಿಕೊಳ್ಳಬೇಕು, ಅದಕ್ಕಾಗಿ ಹೈಕೋರ್ಟುಗಳು ನಿಯಮ ಮಾಡಿಕೊಳ್ಳಬೇಕು ಎಂದು ವಿಧಿಸಿದ್ದು ಇದಕ್ಕಾಗಿಯೇ.

ಹಾಗೆಂದು ಮೂಗನಿಗೆ ದಾರಿ ಪೂರ್ತಿ ಮುಚ್ಚಿದೆಯೆನ್ನುವಂತಿಲ್ಲ. ನ್ಯಾಯಾಲಯ ತಾನೇ ದೂರುದಾರನಾಗುವ ಪದ್ಧತಿಯೊಂದಿದೆ. 1994ರಲ್ಲಿ ದೆಹಲಿಯ ಪತ್ರಿಕೆಯೊಂದರಲ್ಲಿ ಯಮುನೆಯ ಕೊಳೆಯನ್ನು ಕುರಿತು ಒಂದು ಲೇಖನ ಬಂತು. ಸುಪ್ರೀಂ ಕೋರ್ಟು ಆ ಲೇಖನವನ್ನೇ ಅರ್ಜಿಯೆಂದು ಎತ್ತಿಕೊಂಡಿತು. ಮೊಕದ್ದಮೆಗೆ ಲೇಖನದ ತಲೆಬರಹವೇ ಹೆಸರಾಯಿತು. ಬೆಂಗಳೂರಿನ ಬೆಳ್ಳಂದೂರು ಕೆರೆಗೆ 2017ರ ಫೆಬ್ರವರಿಯಲ್ಲಿ ಬೆಂಕಿ ಹತ್ತಿಕೊಂಡಾಗ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಯಾರ ಅರ್ಜಿಗೂ ಕಾಯದೆ ತಾನೇ ವಿಚಾರಣೆಗೆ ತೆಗೆದುಕೊಂಡಿತು. ನೀರಿಗೇ ಬೆಂಕಿ ಹತ್ತಿದ ಮೇಲೆ ರುಜು ಯಾರದೆಂದು ಕೇಳುವವರಾರು? ಆ ಮಂಡಳಿಗೆ ಹಾಗೆ ತಾನಾಗಿ ಎತ್ತಿಕೊಳ್ಳುವ ಅಧಿಕಾರವಿದೆಯೇ ಎಂಬ ವಿವಾದ ಬೆಳೆದು, ಇದೆಯೆಂದು 2021ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಹೀಗೆ ನಡೆದಾಗ ಕಾಗದ ಬರೆದವನು ಕಡತದಿಂದ ಮಾಯವಾಗುತ್ತಾನೆ. ನ್ಯಾಯಾಲಯಕ್ಕೆ ನೆರವಾಗಲು ಒಬ್ಬ ವಕೀಲನನ್ನು ನೇಮಿಸುತ್ತಾರೆ, ಅಧಿಕಾರಿಗಳಿಂದ ವರದಿ ತರಿಸುತ್ತಾರೆ, ಕೆಲಸ ನಡೆಯುತ್ತದೆ.

ಇದನ್ನು ಓದಿ ನನಗೆ ಹಿಗ್ಗಾಯಿತು. ವಕೀಲ ಗೆಳೆಯನಿಗೆ ಹೇಳಿದೆ. ಅವನು ಎಲೆಯಡಿಕೆ ಹಾಕಿಕೊಳ್ಳುತ್ತ, “ಸರಿಯಪ್ಪ. ವರದಿ ಕೊಡಲು ಅಧಿಕಾರಿ ನಿಮ್ಮ ಹಳ್ಳಕ್ಕೆ ಬರುತ್ತಾನೆ. ಹಗಲು ಹನ್ನೆರಡು ಗಂಟೆ. ನೀರು ತಿಳಿಯಾಗಿದೆ. ರಾತ್ರಿ ಬಿಡುವ ಕೊಳವೆ ಯಾವ ಪೊದೆಯ ಹಿಂದಿದೆಯೆಂದು ಅವನಿಗೆ ತೋರಿಸುವವರಾರು?” ಎಂದ.

ನಾನು ಬಾಟಲಿಯ ಮಾತೆತ್ತಿದೆ. ಅವನು ಎದ್ದು 1974ರ ಜಲಮಾಲಿನ್ಯದ ಕಾಯಿದೆಯನ್ನು ತೆಗೆದು 21ನೆಯ ಕಲಮನ್ನು ತೋರಿಸಿದ. ಮಂಡಳಿಯವರು ಕಾರ್ಖಾನೆಯ ನೀರನ್ನು ಪರೀಕ್ಷೆಗೆ ತೆಗೆಯುವಾಗ ಕಾರ್ಖಾನೆಯವರಿಗೆ ಅಲ್ಲಿಯೇ ನೋಟೀಸು ಕೊಡಬೇಕು. ಅವರ ಎದುರಿಗೇ ನೀರನ್ನು ಎರಡು ಪಾಲು ಮಾಡಿ, ಮೊಹರು ಹಾಕಿ, ಎರಡು ಕಡೆಯವರೂ ರುಜು ಮಾಡಬೇಕು. ಹಾಗಲ್ಲದ ನೀರಿನ ಪರೀಕ್ಷೆಯ ಫಲವನ್ನು ಸಾಕ್ಷ್ಯವಾಗಿ ತೆಗೆದುಕೊಳ್ಳುವಂತಿಲ್ಲ. ನಮ್ಮ ಮಾವನ ಹಾರ್ಲಿಕ್ಸ್ ಬಾಟಲಿ ಇಲ್ಲಿ ಯಾವ ಲೆಕ್ಕಕ್ಕೆ? ಕಾಗದ ಮೂಗಾಗಿರಬಹುದು, ಆದರೆ ನೀರಿಗೂ ರುಜು ಬೇಕು! 1988ರ ತಿದ್ದುಪಡಿಯಲ್ಲಿ ಖಾಸಗಿ ಮನುಷ್ಯನೂ ಕ್ರಿಮಿನಲ್ ಫಿರ್ಯಾದು ಕೊಡಬಹುದೆಂದು ಮಾಡಿದರಂತೆ, ಅರವತ್ತು ದಿನ ಮುಂಚಿತವಾಗಿ ನೋಟೀಸು ಕೊಟ್ಟು. ಅರವತ್ತು ದಿನದಲ್ಲಿ ಕೊಳವೆಯೊಂದನ್ನು ಕಿತ್ತು ಬೇರೆ ಕಡೆ ಹೂಳುವುದು ಎಷ್ಟರ ಕೆಲಸ ಎಂದು ನನ್ನ ಗೆಳೆಯ ಕೇಳಿದ.

ಮೂಗನಾಗಿರುವುದು ಸುಖಕ್ಕಲ್ಲವೆಂಬುದನ್ನೂ ಹೇಳಬೇಕು. ರಾಷ್ಟ್ರೀಯ ಹೆದ್ದಾರಿಯ ಕೆಲಸದಲ್ಲಿನ ಅಕ್ರಮಗಳನ್ನು ಪ್ರಧಾನ ಮಂತ್ರಿಯ ಕಚೇರಿಗೆ ಬರೆದ ಇಂಜಿನಿಯರ್ ಸತ್ಯೇಂದ್ರ ದುಬೆ, ತಮ್ಮ ಹೆಸರನ್ನು ಗುಟ್ಟಾಗಿಡಿ ಎಂದು ಕೇಳಿಕೊಂಡಿದ್ದರು. ಕಾಗದ ಹೆಸರಿನೊಂದಿಗೇ ಕಚೇರಿಯಿಂದ ಕಚೇರಿಗೆ ಹೋಯಿತು. 2003ರ ನವೆಂಬರಿನಲ್ಲಿ ಗಯೆಯಲ್ಲಿ ಗುಂಡಿಗೆ ಬಲಿಯಾದರು. ಅದು ದರೋಡೆಕೋರರ ಕೆಲಸವೆಂದು ತನಿಖೆ ಹೇಳಿತಾದರೂ ದೇಶ ಬೆಚ್ಚಿತ್ತು. ಮರುವರ್ಷ ಸರ್ಕಾರ ಒಂದು ನಿರ್ಣಯ ಮಾಡಿ, ಭ್ರಷ್ಟಾಚಾರದ ದೂರು ಕೊಡುವವರ ಹೆಸರನ್ನು ಕೇಂದ್ರ ಜಾಗೃತ ಆಯೋಗ ಗುಟ್ಟಾಗಿಡಬೇಕೆಂದು ಗೊತ್ತುಮಾಡಿತು. ಅಲ್ಲಿಯೂ ಹೆಸರೇ ಇಲ್ಲದ ಕಾಗದ ನಡೆಯದು. ಹೆಸರು ಬರೆದು ಲಕೋಟೆಯೊಳಗಿಡಬೇಕು. ಮುಚ್ಚಿಡುವ ಹೊಣೆ ಅವರದು. ನದಿಯ ದೂರಿಗೂ ಇಂಥ ಒಂದು ಲಕೋಟೆ ಇರಬೇಕೆಂದು ನನ್ನ ಮನಸ್ಸಿಗೆ ತೋರುತ್ತದೆ. ದೂರನ್ನು ಕಾರ್ಖಾನೆಗೆ ಕಳಿಸುವಾಗ ಕಾಗದವನ್ನೇ ಕಳಿಸದೆ ಅದರ ಸಾರವನ್ನು ಕಳಿಸಿದ್ದರೆ ‘ಅಪಿಚ’ ಅಲ್ಲಿಗೆ ಹೋಗುತ್ತಿರಲಿಲ್ಲ, ಒಬ್ಬ ಹುಡುಗನ ಅನ್ನ ಉಳಿಯುತ್ತಿತ್ತು. ಅದಕ್ಕೆ ಕಾಯಿದೆಯೂ ಬೇಡ, ಒಬ್ಬ ಗುಮಾಸ್ತೆಯ ಅರ್ಧ ಗಂಟೆ ಸಾಕು.

ಈ ವರ್ಷ ಯುಗಾದಿ ಕಳೆದ ಮೇಲೆ ಊರಿಗೆ ಹೋದೆ. ಆ ತರುಣ ಬಸ್‌ಸ್ಟಾಂಡಿನ ಬಳಿ ಜೆರಾಕ್ಸ್ ಅಂಗಡಿ ಇಟ್ಟುಕೊಂಡಿದ್ದಾನೆ. ಕಾಗದ ಬರೆದವನು ನಾನೆಂದು ಹೇಳಿದೆ. ಅವನು ಯಂತ್ರದಿಂದ ಕಣ್ಣೆತ್ತದೆ, “ಗೊತ್ತು ಸಾರ್. ನಿಮ್ಮ ಮಾವ ಆಗಲೇ ಬಂದು ಹೇಳಿದರು. ‘ಅಪಿಚ’ ಅಂತ ನಾನು ಜನ್ಮದಲ್ಲಿ ಬರೆದಿಲ್ಲ ಅಂತ ಅವತ್ತೇ ಹೇಳಿದೆ, ಯಾರು ಕೇಳುತ್ತಾರೆ?” ಎಂದ. ಮಾವ ನನಗಿಂತ ಐದು ವರ್ಷ ಮುಂಚೆ ಹೇಳಿದ್ದರು. ಆ ವಿಷಯವನ್ನು ನನ್ನ ಬಳಿ ಎಂದೂ ಎತ್ತಿರಲಿಲ್ಲ. ಆ ರಾತ್ರಿ ಅವನೇ ಬ್ಯಾಟರಿ ಹಿಡಿದು ನಮ್ಮನ್ನು ಕೊಳವೆಯ ಬಳಿಗೆ ಕರೆದುಕೊಂಡು ಹೋದ.

ಚೆನ್ನೈಯಲ್ಲಿರುವ ಹಸಿರು ನ್ಯಾಯಮಂಡಳಿಯ ದಕ್ಷಿಣ ಪೀಠಕ್ಕೆ ಹೋಗುವುದೆಂದಾಯಿತು. ಕರ್ನಾಟಕ ಅದರ ವ್ಯಾಪ್ತಿಗೆ ಸೇರಿದೆ. ಮಾವನ ಮಗ ಎರಡು ವರ್ಷದ ಹಿಂದೆಯೇ ಆ ಕೆಲಸ ಬಿಟ್ಟು ಬೆಂಗಳೂರು ಸೇರಿದ್ದಾನೆ. ವಕೀಲ ಗೆಳೆಯ ಪ್ರಮಾಣಪತ್ರದ ಕರಡನ್ನು ಕನ್ನಡದಲ್ಲಿ ಓದಿ ಹೇಳಿದ. ‘ಈ ವಿಷಯದಲ್ಲಿ ನನಗೆ ಸ್ವಂತ ಹಿತಾಸಕ್ತಿ ಏನೂ ಇರುವುದಿಲ್ಲ’ ಎಂಬಲ್ಲಿ ಮಾವ ಕೈಯೆತ್ತಿ ತಡೆದರು. “ಅದು ಸುಳ್ಳಾಗುತ್ತಲ್ಲಪ್ಪ. ನನ್ನ ಬಾವಿ ಕೆಟ್ಟಿದೆ.” ಗೆಳೆಯ ನಕ್ಕು, ಆ ಮಾತು ಮೇಷ್ಟ್ರ ಕಾಗದದಲ್ಲಿರಲಿ, ನೀವು ನೊಂದವರೆಂದೇ ಬರಬಹುದು, ಕಾಯಿದೆಯಲ್ಲಿ ಅದಕ್ಕೆ ಅವಕಾಶವಿದೆ ಎಂದು ಸಮಾಧಾನ ಹೇಳಿದ. ಮಾವ ಕನ್ನಡಕ ಹಾಕಿಕೊಂಡು, ಪ್ರತಿ ಪುಟದ ಕೆಳಗೂ ನಿಧಾನವಾಗಿ ತಮ್ಮ ಹೆಸರನ್ನು ಪೂರ್ತಿಯಾಗಿ ಬರೆದರು, ಗೀಚಲಿಲ್ಲ. ಪೆನ್ನನ್ನು ನನ್ನ ಕಡೆಗೆ ಚಾಚಿದರು.

ನೋಟರಿ ಮಹಾಶಯರು ನನ್ನ ಕಾಗದವನ್ನು ತಮ್ಮ ಕಡೆಗೆ ತಿರುಗಿಸಿಕೊಂಡು, ರಿಜಿಸ್ಟರು ತೆರೆದು, ಹೆಸರೇನೆಂದು ಕೇಳಿದರು. ಹೇಳಿದೆ.

“ಸ್ವಲ್ಪ ಗಟ್ಟಿಯಾಗಿ ಹೇಳಿ ಸಾರ್” ಎಂದರು.